ನಿಶಿಕಿ ಸಂತೆ, ಮತ್ತೆ ನನ್ನ ಮೆಣಸಿನ ಸಾರು

ಊರಿಗೆ ವಾಪಸ್ ಬಂದು ಎರಡು ತಿಂಗಳಾಯ್ತು. ಡೈರಿ ಹತ್ರ ಹೋಗ್ಲಿ, ಮಧುಗಿರಿ ಬಸ್ಸಲ್ಲಿ ಕೂತ್ಕೊಳ್ಳಲಿ, ಮದುವೆ ಮನೇಲಿ ಎಲೆ ಮುಂದೆ ಸಿಗ್ಲಿ, ಎಲ್ರದೂ ಒಂದೇ ಪ್ರಶ್ನೆ. "ಜಪಾನಿಗೆ ಹೋಗಿದ್ಯಲ್ಲಕ್ಕಾ, ಅಲ್ಲಿ ಏನೇನೋ ತಿಂತಾರಂತೆ, ನೀನೇನು ತಿಂದೆ?" ಅಂತ. ನಾನು "ಅನ್ನ, ಸಾರು, ಇನ್ನೇನು" ಅಂದು ತಪ್ಪಿಸ್ಕೊಳ್ತಿದ್ದೆ. ಅದು ಸುಳ್ಳಲ್ಲ, ಪೂರ್ತಿ ನಿಜವೂ ಅಲ್ಲ. ಒಂದು ಬೆಳಿಗ್ಗೆ ಅಲ್ಲಿನ ಸಂತೇಲಿ ಅಂಗಡಿ ಅಂಗಡಿ ಮುಂದೆ ನಿಂತು ಹತ್ತಾರು ಥರ ರುಚಿ ನೋಡಿದೀನಿ. ಆದ್ರೆ ಅದನ್ನ ಹೇಳ್ಬೇಕು ಅಂದ್ರೆ ಅದರ ಹಿಂದಿನ ಜಗಳಾನೂ ಹೇಳ್ಬೇಕು. ಅದಕ್ಕೇ ಇಷ್ಟು ದಿನ ಬಾಯಿ ಬಿಡ್ಲಿಲ್ಲ. ಮಗಳನ್ನ ಕೇಳಿದೆ. "ಬರಿಯಮ್ಮಾ, ನಾನು ನಿನ್ನ ಬೈದಿರೋದನ್ನೂ ಬರಿ" ಅಂದ್ಲು. ಬರೀತಿದೀನಿ.

ಮಗಳು ಅಳಿಯ ಇರೋದು ಕ್ಯೋಟೊ ಅನ್ನೋ ಊರಲ್ಲಿ. ಅದು ಅವರ ಹಳೇ ರಾಜಧಾನಿ, ಸಾವಿರ ವರ್ಷಕ್ಕೂ ಮೇಲೆ ಅವರ ದೊರೆಗಳು ಅಲ್ಲೇ ಇದ್ರಂತೆ. ಮಗಳಿಗೆ ಮೊದಲನೇ ಬಸಿರು. ಊರಿಗೆ ಬಾರೇ ಅಂದ್ರೆ ಡಾಕ್ಟ್ರು ಪ್ರಯಾಣ ಬ್ಯಾಡ ಅಂದ್ರಂತೆ. ಸರಿ, ಅವಳು ತವರಿಗೆ ಬರೋಕಾಗದಿದ್ರೆ ನಾನೇ ಹೋಗ್ತೀನಿ ಅಂತ ಹೊರಟೆ. ಬಡವನಹಳ್ಳಿ ಬಿಟ್ಟು ತಿರುಪತಿ, ಧರ್ಮಸ್ಥಳ ನೋಡಿದ್ದು ಬಿಟ್ರೆ ದೂರದ ಊರು ಕಂಡೋಳಲ್ಲ ನಾನು. ಪೆಟ್ಟಿಗೇಲಿ ಬಟ್ಟೆಗಿಂತ ಸಾಮಾನೇ ಜಾಸ್ತಿ. ರಾಗಿ ಹಿಟ್ಟು, ಅಂಟು, ಒಣಕೊಬ್ಬರಿ, ಮೆಣಸು, ಜೀರಿಗೆ, ಒಣಶುಂಠಿ, ಓಂಕಾಳು, ಹಿಪ್ಪಲಿ ಎಲ್ಲಾ ಹುರಿದು ಕುಟ್ಟಿದ ಬಾಣಂತಿ ಖಾರ ಎರಡು ಡಬ್ಬ. ಹೊಟ್ಟೆಗೆ ಕಟ್ಟೋಕೆ ಅಂತ ನಮ್ಮತ್ತೆ ಹಳೇ ಹತ್ತಿ ಸೀರೆ ಒಂದು.

ನವೆಂಬರ್ ಮೊದಲನೇ ವಾರ ಮೊಮ್ಮಗಳು ಹುಟ್ಟಿದ್ಲು. ಅಲ್ಲಿ ಮಾಮೂಲಿ ಹೆರಿಗೆ ಆದ್ರೂ ನಾಕೈದು ದಿನ ಆಸ್ಪತ್ರೇಲೇ ಇಟ್ಕೋತಾರೆ. ಎರಡನೇ ದಿನ ಮಗಳಿಗೆ ಊಟ ಬಂತು ನೋಡಿ, ತಟ್ಟೆ ತುಂಬಾ ಪುಟ್ಟ ಪುಟ್ಟ ಬಟ್ಟಲು. ಒಂದರಲ್ಲಿ ಮೀನು, ಒಂದರಲ್ಲಿ ಕಡಲ ಪಾಚಿ ತೇಲೋ ಸಾರು, ಒಂದರಲ್ಲಿ ಉಪ್ಪಿನಕಾಯಿ, ಪಕ್ಕದಲ್ಲಿ ಹಣ್ಣು. ನನ್ನ ಎದೆ ಧಸಕ್ ಅಂತು. ಹಸೀ ಬಾಣಂತಿಗೆ ಮೀನಾ? ಹಣ್ಣಾ? ಮಗಳು ಚಪ್ಪರಿಸ್ಕೊಂಡು ತಿಂದ್ಲು. ಮನೆಗೆ ಬರ್ಲಿ, ಸರಿ ಮಾಡ್ತೀನಿ ಅಂದ್ಕೊಂಡೆ.

ಮನೆಗೆ ಬಂದ್ಮೇಲೆ ನನ್ನ ರಾಜ್ಯ ಶುರು ಆಯ್ತು. ಬೆಳಿಗ್ಗೆ ಅಂಟಿನುಂಡೆ, ಮಧ್ಯಾಹ್ನ ಮೆಣಸಿನ ಸಾರು ಅನ್ನ, ತುಪ್ಪದಲ್ಲಿ ಹುರಿದ ಬೆಳ್ಳುಳ್ಳಿ, ರಾತ್ರಿ ಮತ್ತೆ ಅದೇ. ತರಕಾರಿ ವಾಯು, ಮೊಸರು ಶೀತ, ಕಾಳು ಮಗೂಗೆ ಹೊಟ್ಟೆನೋವು. ನೀರು ಮಾತ್ರ ಕಾಯಿಸಿ, ಅಳತೆ ಮಾಡಿ ಒಂದೊಂದು ಲೋಟ. ಜಾಸ್ತಿ ನೀರು ಕುಡಿದ್ರೆ ಬಾಣಂತಿ ಹೊಟ್ಟೆ ಇಳಿಯಲ್ಲ, ಮಗೂಗೆ ಶೀತ ಅಂತ ನಮ್ಮಮ್ಮ ಹೇಳ್ತಿದ್ರು, ಅವರಮ್ಮ ಅವರಿಗೆ ಹೇಳಿದ್ರು. ತುಪ್ಪದ್ದು ಒಂದು ಕಥೆ. ಅಂಗಡೀಲಿ ಬೆಣ್ಣೆ ತಂದು ಕಾಯಿಸಿದೆ. ಡಬ್ಬದ ಮೇಲಿನ ಅಕ್ಷರ ಓದೋಕೆ ಬರುತ್ತಾ? ಉಪ್ಪು ಹಾಕಿದ ಬೆಣ್ಣೆ ತಂದಿದ್ದೆ. ಪಾತ್ರೆ ತಳದಲ್ಲಿ ಉಪ್ಪು ಕೂತಿತ್ತು, ಬೆಳ್ಳುಳ್ಳಿ ಬಾಯಿಗಿಡೋಕಾಗ್ಲಿಲ್ಲ. ಅಳಿಯಂದಿರು ಪಾಪ ಏನೂ ಅನ್ನದೆ ತಿಂದ್ರು. ಮಗಳು ಬಟ್ಟಲು ಪಕ್ಕಕ್ಕೆ ಸರಿಸಿದ್ಲು.

ದಿನಾ ಹಿಂಗೇ ಬಟ್ಟಲು ಸರಿಸೋದು ಶುರು ಆಯ್ತು. ಅರ್ಧ ಅನ್ನ ಬಿಡೋದು, ನಾನು "ತಿನ್ನೇ, ಹಾಲು ಬರಲ್ಲ" ಅನ್ನೋದು, ಅವಳು ಗೋಡೆ ಕಡೆ ತಿರುಗೋದು. ಆಮೇಲೆ ಒಂದಿನ ನರ್ಸಮ್ಮ ಬಂದ್ರು. ಅಲ್ಲಿ ಮಗು ಹುಟ್ಟಿದ ಮೇಲೆ ಊರಿನ ಆಡಳಿತದ ಕಡೆಯಿಂದ ಸೂಲಗಿತ್ತಿಯಂಥ ನರ್ಸಮ್ಮ ಮನೆಗೇ ಬಂದು ಮಗು ತೂಕ ನೋಡಿ, ತಾಯಿನೂ ವಿಚಾರಿಸ್ಕೊಂಡು ಹೋಗ್ತಾರೆ. ನಮ್ಮ ತಾಯಿ ಕಾರ್ಡ್ ಥರ ಅವರಲ್ಲೂ ತಾಯಿ ಮಗು ಪುಸ್ತಕ ಐತೆ, ಅದರಲ್ಲಿ ಬರ್ಕೊಂಡ್ರು. ಮಗು ತೂಕ ಅವ್ರು ಅಂದ್ಕೊಂಡಷ್ಟು ಏರಿರ್ಲಿಲ್ಲ. ಅವ್ರು ಮಗಳನ್ನ ಏನೋ ಕೇಳಿದ್ರು. ಮಗಳು ತಿರುಗಿ ನನ್ನ ನೋಡಿದ್ಲು. ಭಾಷೆ ಬರ್ದಿದ್ರೂ ನಂಗೆ ಅರ್ಥ ಆಯ್ತು. ದಿನಕ್ಕೆ ಎಷ್ಟು ನೀರು ಕುಡೀತೀಯ ಅಂತ ಕೇಳಿದ್ದು ಅದು.

ನರ್ಸಮ್ಮ ಹೋದ ಮೇಲೆ ಮನೇಲಿ ಆಗಿದ್ದನ್ನ ಮಗಳ ಮಾತಲ್ಲೇ ಹೇಳ್ತೀನಿ. "ಅಮ್ಮಾ, ಇದು ಬಾಣಂತನ ಅಲ್ಲ, ಜೈಲು. ಹಾಲು ಕುಡಿಸೋಳಿಗೆ ನೀರೇ ಕೊಡದಿದ್ರೆ ಹಾಲು ಎಲ್ಲಿಂದ ಬರುತ್ತೆ? ಅವರು ಧಾರಾಳವಾಗಿ ಕುಡಿ ಅಂದ್ರು." ನಾನು ಸುಮ್ನಿರ್ತೀನಾ? "ಮೂವತ್ತು ವರ್ಷ ಆದ್ಮೇಲೆ ಸೊಂಟ ಹಿಡ್ಕೊಂಡಾಗ ನನ್ನ ನೆನೆಸ್ಕೋ. ಬೆಳಗಾನ ಇಪ್ಪತ್ತು ಗಂಟೆ ವಿಮಾನದಲ್ಲಿ, ನಿಲ್ದಾಣದಲ್ಲಿ ಕಾಲು ಊದಿಸ್ಕೊಂಡು ಬಂದಿದ್ದು ಇದನ್ನ ಕೇಳೋಕಾ?" ಅಂದೆ. ಸಿಂಕ್ ಹತ್ರ ನಿಂತು ನಲ್ಲಿ ಬಿಟ್ಕೊಂಡು ಅತ್ತೆ. ಎರಡು ದಿನ ಇಬ್ರೂ ಮಗು ಮೂಲಕವೇ ಮಾತಾಡಿದ್ವಿ. "ನಿಮ್ಮಜ್ಜಿಗೆ ಹೇಳು ಪುಟ್ಟಿ", "ನಿಮ್ಮಮ್ಮಂಗೆ ಹೇಳು ಪುಟ್ಟಿ" ಅಂತ.

ಮೂರನೇ ದಿನ ಮಗಳು ಫೋನ್ ತೋರಿಸಿದ್ಲು. "ನಾಳೆ ಬೆಳಿಗ್ಗೆ ನಿಂಗೆ ಒಂದು ಟೂರ್ ಬುಕ್ ಮಾಡಿದೀನಿ. ನಿಶಿಕಿ ಅಂತ ಮಾರ್ಕೆಟ್ಟು. ಗೈಡ್ ಇರ್ತಾರೆ, ಅಂಗಡಿ ತೋರಿಸಿ ರುಚಿ ನೋಡೋಕೆ ಕೊಡಿಸ್ತಾರೆ. ಮೂರು ಗಂಟೆ."

"ನನ್ನ ಮನೆಯಿಂದಾಚೆ ಹಾಕ್ತಿದೀಯಾ?"

"ಹೂಂ ಅಮ್ಮಾ, ಮೂರು ಗಂಟೆ."

ಎಷ್ಟು ದುಡ್ಡು ಕೊಟ್ಲೋ ಇವತ್ತಿನವರೆಗೂ ಬಾಯಿ ಬಿಟ್ಟಿಲ್ಲ.

ಡಿಸೆಂಬರ್ ಚಳಿ. ಸೀರೆ ಮೇಲೆ ಅಳಿಯಂದಿರ ಜಾಕೆಟ್ಟು, ಕಾಲಿಗೆ ಕಾಲುಚೀಲ, ತಲೆಗೆ ಸ್ಕಾರ್ಫು. ಅಳಿಯಂದಿರು ನೆಲದಡಿ ರೈಲಲ್ಲಿ ಶಿಜೊ ಅನ್ನೋ ಸ್ಟೇಷನ್ನಿಗೆ ಕರ್ಕೊಂಡು ಹೋಗಿ, ಅಲ್ಲಿಂದ ನಡೆಸಿ ಸಂತೆ ಬಾಗಿಲಿಗೆ ಬಿಟ್ಟು ಆಫೀಸಿಗೆ ಹೋದ್ರು. ಗೈಡ್ ಅಂದ್ರೆ ಯಾರೋ ಹುಡುಗೀರು ಅಂದ್ಕೊಂಡಿದ್ದೆ. ಅರವತ್ತು ದಾಟಿದ ಹೆಂಗಸು, ಬೆಳ್ಳಗಾದ ಕೂದಲು ಕಿವಿ ಮಟ್ಟಕ್ಕೆ ಕತ್ತರಿಸಿದ್ರು. ನಿಧಾನಕ್ಕೆ ಬಿಡಿಸಿ ಬಿಡಿಸಿ ಇಂಗ್ಲಿಷ್ ಮಾತಾಡಿದ್ರು. ನನ್ನ ಪಿಯುಸಿ ಇಂಗ್ಲಿಷಿಗೆ ಅದು ಸರಿಹೋಯ್ತು. ನನ್ನ ಜೊತೆ ಇನ್ನೂ ನಾಕು ಜನ ಬಿಳಿಯರು ಇದ್ರು.

ನಿಶಿಕಿ ಅಂದ್ರೆ ಜರಿ ಬಟ್ಟೆ ಅಂತ ಅರ್ಥವಂತೆ. ಸಂತೆ ಅಂತ ನಾನು ಅಂತಿದೀನಿ, ಆದ್ರೆ ನಮ್ಮ ಸಂತೆ ಥರ ಬಯಲಲ್ಲಿ ಗೋಣಿ ಹಾಸಿ ಕೂರೋದಲ್ಲ. ಒಂದೇ ಒಂದು ಉದ್ದನೆ ಓಣಿ, ಸುಮಾರು 390 ಮೀಟರು, ಎರಡೂ ಕಡೆ ನೂರಕ್ಕೂ ಮೇಲೆ ಅಂಗಡಿ, ತಲೆ ಮೇಲೆ ಕೆಂಪು, ಹಸಿರು, ಹಳದಿ ಬಣ್ಣದ ಗಾಜಿನ ಚಾವಣಿ. ಎದುರಿಂದ ಬರೋರಿಗೆ ಓರೆಯಾಗಿ ದಾರಿ ಬಿಡ್ಬೇಕು, ಅಷ್ಟು ಕಿರಿದು. "ಕ್ಯೋಟೊದ ಅಡುಗೆಮನೆ" ಅಂತ ಇದನ್ನ ಕರೀತಾರೆ. 1615ರಲ್ಲೇ ಸರ್ಕಾರ ಇಲ್ಲಿ ಮೀನಿನ ಸಗಟು ವ್ಯಾಪಾರಕ್ಕೆ ಅಪ್ಪಣೆ ಕೊಟ್ಟಿತ್ತಂತೆ. ಸಮುದ್ರ ದೂರ ಇರೋ ಊರಲ್ಲಿ ಮೀನಿನ ಸಂತೆ ಯಾಕೆ ಅಂದೆ. ನೆಲದಡಿ ನೀರು ಅಂದ್ರು ಗೈಡಮ್ಮ. ಈ ಬೀದಿ ಕೆಳಗೆ ತಣ್ಣನೆ ಸಿಹಿನೀರು ಹರಿಯುತ್ತೆ, ಐಸ್ ಇಲ್ಲದ ಕಾಲದಲ್ಲಿ ಬಾವಿ ತೋಡಿ ಆ ತಂಪಲ್ಲೇ ಮೀನು, ತರಕಾರಿ ಕೆಡದ ಹಂಗೆ ಇಡ್ತಿದ್ರಂತೆ. ನೀರಿದ್ದ ಕಡೆ ಸಂತೆ ಕೂಡ್ತು, ಅಷ್ಟೇ ಅಂದ್ರು. ಬೋರ್‌ವೆಲ್ ಸಾವಿರ ಅಡಿ ಹೋದ್ರೂ ಧೂಳು ಬರೋ ನಮ್ಮ ಕಡೆಯೋಳಿಗೆ ಆ ಮಾತು ನಾಟ್ತು.

ಶುರುವಲ್ಲೇ ಅವರು ಎರಡು ಕಟ್ಟಳೆ ಹೇಳಿದ್ರು. ನಡೀತಾ ತಿನ್ನಬಾರದು, ಕೊಂಡ ಅಂಗಡಿ ಮುಂದೆನೇ ನಿಂತು ತಿನ್ನಬೇಕು. ತಿನ್ನೋ ಮುಂಚೆ ಕೈ ಮುಗಿದು "ಇತಾದಾಕಿಮಾಸು" ಅನ್ನಬೇಕು. ತಲೆ ಬಾಗಿ ಸ್ವೀಕರಿಸ್ತೀನಿ ಅಂತ ಅರ್ಥ. ಎರಡೂ ನಮ್ಮಜ್ಜಿ ಹೇಳ್ತಿದ್ದ ಮಾತೇ. ಓಡಾಡ್ಕೊಂಡು ತಿಂದ್ರೆ ಮೈಗೆ ಹತ್ತಲ್ಲ ಅಂತ ಬೆನ್ನಿಗೆ ಗುದ್ದೋರು.

ಓಣಿ ಶುರುವಿನಲ್ಲೇ ಒಬ್ಬ ಚಿತ್ರಗಾರನ ಗುರುತಿನ ಫಲಕ ಐತೆ. ಇತೊ ಜಾಕುಚು ಅಂತ, 1716ರಲ್ಲಿ ಇಲ್ಲೇ ತರಕಾರಿ ಮಂಡಿ ಮನೇಲಿ ಹುಟ್ಟಿದೋನು. ಅವನು ಬರೆದ ಒಂದು ಚಿತ್ರ ಗೈಡಮ್ಮ ಫೋನಲ್ಲಿ ತೋರಿಸಿದ್ರು. ಬುದ್ಧ ತೀರ್ಕೊಳ್ಳೋವಾಗ ಮಲಗಿರ್ತಾನಲ್ಲ, ಆ ಜಾಗದಲ್ಲಿ ಒಂದು ದೊಡ್ಡ ಮೂಲಂಗಿ ಮಲಗಿಸವ್ನೆ, ಸುತ್ತ ಬದನೆ, ಕುಂಬಳ, ಗೆಡ್ಡೆಗಳೆಲ್ಲಾ ದುಃಖ ಪಡ್ತಾ ಕೂತವೆ! ನಕ್ಕೆ. ಆಮೇಲೆ, ತರಕಾರಿ ಮಧ್ಯೆ ಬೆಳೆದೋನಿಗೆ ತರಕಾರಿಯಲ್ಲೇ ದೇವ್ರು ಕಂಡಿದ್ರಲ್ಲಿ ಏನು ತಪ್ಪು ಅನ್ನಿಸ್ತು.

ಮೊದಲು ನಿಂತಿದ್ದು ಉಪ್ಪಿನಕಾಯಿ ಅಂಗಡಿ ಮುಂದೆ. ಮರದ ದೊಡ್ಡ ದೊಡ್ಡ ತೊಟ್ಟಿ, ಅಕ್ಕಿ ತೌಡಿನಲ್ಲಿ ಹುದುಗಿಸಿಟ್ಟ ಸೌತೆ, ಮೂಲಂಗಿ, ಬದನೆ. ಎಣ್ಣೆ ಇಲ್ಲ, ಖಾರದ ಪುಡಿ ಇಲ್ಲ, ಸಾಸಿವೆ ಒಗ್ಗರಣೆ ಇಲ್ಲ. ದನಕ್ಕೆ ಹಾಕೋ ತೌಡಲ್ಲಿ ಉಪ್ಪಿನಕಾಯಾ ಅಂದ್ಕೊಂಡೆ. ಚಳಿಗಾಲಕ್ಕೆ ಮಾತ್ರ ಬರೋದು ಒಂದು ಐತೆ, ಸೆನ್‌ಮಾಯ್‌ಜುಕೆ. ನಮ್ಮ ಬಿಂದಿಗೆ ಬಾಯಷ್ಟು ಅಗಲದ ಟರ್ನಿಪ್ ಗೆಡ್ಡೆನ ಹಪ್ಪಳಕ್ಕಿಂತ ತೆಳ್ಳಗೆ ಹೆಚ್ಚಿ, ಉಪ್ಪು, ವಿನೆಗರ್, ಕಡಲ ಪಾಚಿ ಜೊತೆ ಪದರ ಪದರ ಇಟ್ಟಿರ್ತಾರೆ. ಸಾವಿರ ಹಾಳೆ ಅಂತ ಹೆಸರಿನ ಅರ್ಥ. ಅಂಗಡಿ ಅಜ್ಜಿ ಒಂದು ಚೂರು ಕಡ್ಡಿಗೆ ಸಿಕ್ಕಿಸಿ ನನ್ನ ಕೈಗೆ ಕೊಟ್ಟು, ನನ್ನ ಮುಖಾನೇ ನೋಡ್ತಾ ನಿಂತ್ರು. ಸಿಹಿ ಹುಳಿ, ಕರಕರ ಅನ್ನುತ್ತೆ. ಚೆನ್ನಾಗಿತ್ತು. ಇನ್ನೊಂದು ತೌಡಿಂದು ಕೊಟ್ರು. ಅದು ನಂಗೆ ಹಿಡಿಸ್ಲಿಲ್ಲ, ಆದ್ರೂ ಮರ್ಯಾದೆಗೆ "ಗುಡ್" ಅಂದೆ. ಅಜ್ಜಿ ನಕ್ಕು ತಲೆ ಆಡಿಸಿ ಆ ತಟ್ಟೆ ತೆಗೆದಿಟ್ಟು, ಕೆಂಪಗಿರೋ ಇನ್ನೊಂದು ಕೊಟ್ರು. ಬದನೆಕಾಯಿ, ಕೆಂಪು ಸೊಪ್ಪಿನ ಜೊತೆ ಹುಳಿ ಬರಿಸಿದ್ದು. ಅದು ಮಾತ್ರ ನಮ್ಮ ಬಾಯಿಗೆ ಸರಿ. "ಗುಡ್ ಅಂದ್ರಲ್ಲ, ಹಿಡಿಸ್ಲಿಲ್ಲ ಅಂತ ಹೆಂಗೆ ಗೊತ್ತಾಯ್ತು?" ಅಂತ ಗೈಡಮ್ಮನ್ನ ಕೇಳಿದೆ. "ಬಾಯಿ ಅತಿಥಿದು, ಮುಖ ಅವರದ್ದೇ. ಅವರು ಐವತ್ತು ವರ್ಷದಿಂದ ಮುಖ ನೋಡಿ ಮಾರ್ತಿದ್ದಾರೆ" ಅಂದ್ರು.

ಮುಂದೆ ತೋಫು ಅಂಗಡಿ. ಸೋಯಾ ಕಾಳಿನ ಹಾಲು ಒಡೆಸಿ ಮಾಡಿದ ಗಿಣ್ಣಿನಂಥದ್ದು. ಅದೇ ಹಾಲು ಕಾಯಿಸುವಾಗ ಮೇಲೆ ಕಟ್ಟೋ ಕೆನೆ ಎತ್ತಿ ಯೂಬ ಅಂತ ಮಾರ್ತಾರೆ. ಬಾಯಿಗಿಟ್ರೆ ಎಮ್ಮೆ ಹಾಲಿನ ಕೆನೆ ನೆನಪಾಗುತ್ತೆ. ಸೋಯಾ ಹಾಲಿನಲ್ಲೇ ಕಲಸಿ ಕರಿದ ಪುಟ್ಟ ಡೋನಟ್ಟು ಬಿಸಿ ಬಿಸಿ ಕೊಟ್ರು. ನಮ್ಮ ಸಿಹಿ ಬೋಂಡದ ತಂಗಿ ಅದು.

ಒಂದು ಅಂಗಡೀಲಿ ಸೌದೆ ಚಕ್ಕೆ ಥರ ಏನೋ ಜೋಡಿಸಿದ್ರು. ಒಂದಕ್ಕೊಂದು ತಟ್ಟಿದ್ರೆ ಟಣ್ ಅಂತ ಶಬ್ದ. ಮೀನಂತೆ! ಬೇಯಿಸಿ, ಹೊಗೆ ಹಾಕಿ, ತಿಂಗಳುಗಟ್ಟಲೆ ಒಣಗಿಸಿ ಮರದ ಹಂಗೆ ಮಾಡ್ತಾರೆ. ಬಡಗಿ ಉಜ್ಜುಗೊರಡಲ್ಲಿ ಹೊಟ್ಟು ತೆಗೆದ ಹಂಗೆ ಅದನ್ನ ತುರಿದು, ಕೊಂಬು ಅನ್ನೋ ಕಡಲ ಪಾಚಿ ಜೊತೆ ನೀರಲ್ಲಿ ಕುದಿಸಿ ಸೋಸಿದ್ರೆ ದಾಶಿ. ಅವರ ಎಲ್ಲಾ ಸಾರಿಗೂ ಅದೇ ಬುನಾದಿ. ಆ ಪಾಚಿಯ ರುಚಿ ಏನು ಅಂತ 1908ರಲ್ಲಿ ಇಕೆದಾ ಅನ್ನೋ ಮೇಷ್ಟ್ರು ಕಂಡುಹಿಡಿದು "ಉಮಾಮಿ" ಅಂತ ಹೆಸರಿಟ್ರಂತೆ. ಸಿಹಿ ಅಲ್ಲ, ಹುಳಿ ಅಲ್ಲ, ಉಪ್ಪು ಅಲ್ಲ, ಕಹಿ ಅಲ್ಲ, ಐದನೇದು. ಪುಟ್ಟ ಬಟ್ಟಲಲ್ಲಿ ಬರೀ ಪಾಚಿ ದಾಶಿ ಕೊಟ್ರು. ಕಣ್ಣು ಮುಚ್ಚಿ ಕುಡಿದೆ. ಹೆಸರು ಗೊತ್ತಿಲ್ಲದಿದ್ರೂ ರುಚಿ ಗೊತ್ತಿತ್ತು ನಂಗೆ. ಹುರುಳಿಕಾಳು ಬೇಯಿಸಿ ಬಸಿದ ಕಟ್ಟು, ಒಗ್ಗರಣೆ ಹಾಕೋ ಮುಂಚೆ ನಾಲಿಗೆ ಹಿಂದೆ ಒಂದು ತುಂಬಿದ ರುಚಿ ನಿಲ್ಲುತ್ತಲ್ಲ, ಅದರ ದೂರದ ನೆಂಟ.

ನಾವು ಕೋಳಿ ಕುರಿ ತಿನ್ನೋ ಮನೆಯವ್ರೇ. ಕೆರೆ ಮೀನು ಬಿಟ್ರೆ ಸಮುದ್ರದ್ದು ಕಂಡೋರಲ್ಲ. ಅಲ್ಲೊಂದು ಅಂಗಡೀಲಿ ಪುಟ್ಟ ಅಷ್ಟಪದಿಗೆ ಕೆಂಪು ಪಾಕ ಹಚ್ಚಿ, ಅದರ ತಲೆಯೊಳಗೆ ಗೌಜಲಕ್ಕಿ ಮೊಟ್ಟೆಯಂಥ ಸಣ್ಣ ಮೊಟ್ಟೆ ಬೇಯಿಸಿಟ್ಟು ಕಡ್ಡಿಗೆ ಚುಚ್ಚಿದ್ರು. ಅದು ನನ್ನೇ ನೋಡ್ತಿತ್ತು. ಬಿಳಿಯರು ತಿಂದ್ರು. ನಾನು ಕೈ ಮುಗಿದೆ. ಗೈಡಮ್ಮ ಬಲವಂತ ಮಾಡ್ಲಿಲ್ಲ. "ಸಾಕು ಅನ್ನೋದೂ ರುಚಿ ನೋಡೋದರಲ್ಲೇ ಬರುತ್ತೆ" ಅಂದ್ರು. ನನಗೆ ಮನೆಯಲ್ಲಿ ಸರಿಸಿಟ್ಟ ಬಟ್ಟಲು ನೆನಪಾಯ್ತು.

ಆಮೇಲೆ ಕಪ್ಪು ಸೋಯಾಕಾಳಿನ ಅಂಗಡಿ. ಹೊಸ ವರ್ಷಕ್ಕೆ ಈ ಕಾಳು ಬೇಯಿಸ್ಲೇಬೇಕಂತೆ ಅವರಿಗೆ, ನಮಗೆ ಸಂಕ್ರಾಂತಿಗೆ ಅವರೆಕಾಯಿ ಇದ್ದ ಹಂಗೆ. ಹುರಿದ ಸೋಯಾ ಹಿಟ್ಟು ಮೂಸಿದ್ರೆ ಥೇಟ್ ನಮ್ಮ ಹುರಿಹಿಟ್ಟು. ಪಕ್ಕದಲ್ಲಿ ಎಳ್ಳಿನ ಅಂಗಡಿ, ಕರಿ ಎಳ್ಳು, ಬಿಳಿ ಎಳ್ಳು ಹುರಿಯೋ ಘಮ. ಅಲ್ಲಿ ಕಾಲು ನಿಂತುಬಿಡ್ತು. ನಮ್ಮ ಮನೆ ವಾಸನೆ ಅದು.

ಕೂತ್ಕೊಳ್ಳೋಕೆ ಒಂದು ಬೆಂಚು, ಕುಡಿಯೋಕೆ ಹುರಿದ ಎಲೆಯ ಟೀ. ಗೈಡಮ್ಮ ಪಕ್ಕದಲ್ಲಿ ಕೂತು, ನೀವು ಯಾಕೆ ಬಂದಿದ್ದು ಈ ಊರಿಗೆ ಅಂದ್ರು. ಮಗಳ ಬಾಣಂತನ ಅನ್ನೋಕೆ ಇಂಗ್ಲಿಷ್ ಪದ ಸಿಗ್ಲಿಲ್ಲ. ಮಗು, ಮಗಳು, ಅಡುಗೆ, ಮೂರು ತಿಂಗಳು ಅಂತ ಕೈ ಸನ್ನೆ ಮಾಡಿದೆ. ಅವರ ಮುಖ ಅರಳಿತು. ಅವರಲ್ಲೂ ಐತಂತೆ, "ಸಾತೊಗಾಯೆರಿ" ಅಂತ. ಹೆರಿಗೆಗೆ ತವರಿಗೆ ಹೋಗಿ ಅಮ್ಮನ ಹತ್ರ ಉಳಿಯೋದು. ಮೊದಲ ಮೂರು ವಾರ ಹಾಸಿಗೆ ಬಿಟ್ಟು ಏಳಬಾರದು, ನೀರಲ್ಲಿ ಕೈ ಇಡಬಾರದು ಅಂತೆಲ್ಲಾ ಇತ್ತಂತೆ. ಬಸುರಿಗೆ ಐದನೇ ತಿಂಗಳು ಒಳ್ಳೇ ದಿನ ನೋಡಿ ಹೊಟ್ಟೆಗೆ ಬಟ್ಟೆ ಕಟ್ಟೋ ಶಾಸ್ತ್ರನೂ ಐತೆ. "ನಿಮ್ಮ ಮಗಳು ತವರಿಗೆ ಹೋಗ್ಲಿಲ್ಲ, ತವರೇ ವಿಮಾನ ಹತ್ತಿ ಬಂತು" ಅಂದ್ರು. ನಂಗೆ ಕಣ್ಣು ತುಂಬಿ ಬಂತು, ಟೀ ಬಿಸಿ ಅಂತ ನೆಪ ಹೇಳಿದೆ.

ಸೂಲಗಿತ್ತಿಯರು ನಿಮ್ಮಲ್ಲಿ ಇದ್ದಾರಾ ಅಂತ ಕೇಳಿದ್ರು. ಇರ್ದೇ ಇರ್ತಾರಾ? ನಮ್ಮ ಪಾವಗಡ ತಾಲ್ಲೂಕು ಕೃಷ್ಣಾಪುರದ ಸೂಲಗಿತ್ತಿ ನರಸಮ್ಮನವರ ಬಗ್ಗೆ ಹೇಳಿದೆ. ಓದು ಬರಹ ಇಲ್ಲದ ತಾಯಿ, ಒಂದು ಪೈಸೆ ಮುಟ್ಟದೆ 15,000ಕ್ಕೂ ಹೆಚ್ಚು ಹೆರಿಗೆ ಮಾಡಿಸಿದೋರು, 2018ರಲ್ಲಿ ಪದ್ಮಶ್ರೀ ಬಂತು, ಅದೇ ಡಿಸೆಂಬರಲ್ಲಿ ತೀರ್ಕೊಂಡ್ರು ಅಂದೆ. ಗೈಡಮ್ಮ ಆ ಸಂಖ್ಯೆ ಎರಡು ಸಲ ಕೇಳಿ, ಕೂತಲ್ಲೇ ತಲೆ ಬಾಗಿಸಿದ್ರು.

ಆಮೇಲೆ ತಮ್ಮ ಕಥೆ ಹೇಳಿದ್ರು. ಅವರ ಬಾಣಂತನದಲ್ಲಿ ಅವರಮ್ಮ ಹಾಲು ಬರ್ಲಿ ಅಂತ ದಿನಾ ಸಾರಿಗೆ ಮೋಚಿ ಹಾಕಿ ಕೊಡ್ತಿದ್ರಂತೆ. ಮೋಚಿ ಅಂದ್ರೆ ಅಂಟು ಅಕ್ಕಿ ಬೇಯಿಸಿ ಕುಟ್ಟಿ ಮಾಡಿದ ಮುದ್ದೆ. ಇವರಿಗೆ ಬ್ಯಾಡ ಬ್ಯಾಡ ಅನ್ನಿಸ್ತಿತ್ತು, ಅಮ್ಮನಿಗೆ ಹೇಳೋಕೆ ಹೆದರಿಕೆ. ಎದೆ ಕಟ್ಟಿ ಗಟ್ಟಿಯಾಗಿ ಜ್ವರ ಬಂತು. ಸೂಲಗಿತ್ತಿ ಬಂದು ಮೋಚಿ ನಿಲ್ಲಿಸಿ ಅಂದ್ಲು. ಅಮ್ಮ ಒಂದು ವಾರ ಮಾತು ಬಿಟ್ರಂತೆ. "ಈಗ ಅನ್ನಿಸುತ್ತೆ, ಅಮ್ಮ ಬಡಿಸುವಾಗ ಬಟ್ಟಲು ನೋಡ್ತಿದ್ರು, ನನ್ನ ನೋಡ್ತಿರ್ಲಿಲ್ಲ. ಖಾಲಿ ಆಯ್ತಾ ಅಂತ ಅಷ್ಟೇ" ಅಂದ್ರು. ನನ್ನ ಜಗಳದ ಸುದ್ದಿ ನಾನು ಅವರಿಗೆ ಹೇಳೇ ಇರ್ಲಿಲ್ಲ, ನೋಡಿ.

ಓಣಿಯ ಆ ತುದೀಲಿ, 1560ರಿಂದ ನಡೆದು ಬಂದಿರೋ ಚಾಕು ಅಂಗಡಿ ದಾಟಿ, ಒಂದು ಗುಡಿ ಐತೆ. ನಿಶಿಕಿ ತೆನ್‌ಮಾಂಗು. ವಿದ್ಯೆ ಕೊಡೋ ದೇವ್ರಂತೆ, ನಮ್ಮ ಶಾರದಮ್ಮನ ಹಂಗೆ. ಕಂಚಿನ ಬಸವಣ್ಣನ ತಲೆ ಎಲ್ರೂ ಸವರಿ ಸವರಿ ಫಳಫಳ ಅಂತಿತ್ತು. ನಾನೂ ಮೊಮ್ಮಗಳ ಹೆಸರು ಹೇಳಿ ಸವರಿದೆ. ಪಕ್ಕದಲ್ಲೇ ನೀರಿನ ದೋಣಿ. ಆ ಸಂತೆ ಹುಟ್ಟಿಸಿದ ನೀರು ಅದೇ, ನೆಲದಡಿಯಿಂದ ಬರುತ್ತೆ. ಜನ ಬಾಟ್ಲಿಗೆ ತುಂಬ್ಕೊಂಡು ಹೋಗ್ತಿದ್ರು. ಗೈಡಮ್ಮ ಕುಡೀರಿ ಅಂದ್ರು. ಬೊಗಸೆ ಒಡ್ಡಿ ಕುಡಿದೆ. ಎಷ್ಟು ಸಿಹಿ ಅಂದ್ರೆ, ಎರಡನೇ ಬೊಗಸೆ, ಮೂರನೇ ಬೊಗಸೆ.

ಅಲ್ಲಿ ಒಂದು ವಿಷಯ ನೆನಪಾಯ್ತು. ಮೂವತ್ತು ವರ್ಷದಿಂದ ಯಾರಿಗೂ ಹೇಳಿರ್ಲಿಲ್ಲ, ಇವತ್ತು ಇಲ್ಲಿ ಬರೀತಿದೀನಿ. ಇದೇ ಮಗಳು ಹುಟ್ಟಿದಾಗ, ಬೇಸಿಗೆ, ತವರಲ್ಲಿ ಬಾಣಂತನ. ಕತ್ತಲೆ ಕೋಣೆ, ಕೆಳಗೆ ಕೆಂಡ, ಕುಡಿಯೋಕೆ ಬೆಳಿಗ್ಗೆ ಒಂದು ಲೋಟ ಸಂಜೆ ಒಂದು ಲೋಟ. ಬಾಯಿ ಒಣಗಿ ನಾಲಿಗೆ ಅಂಗಳಕ್ಕೆ ಅಂಟ್ಕೊಳ್ಳೋದು. ಕೇಳಿದ್ರೆ ಅಮ್ಮ "ತಡ್ಕೋ, ನಿನ್ನ ಒಳ್ಳೇದಕ್ಕೇ" ಅನ್ನೋರು. ಒಂದು ರಾತ್ರಿ ಎಲ್ರೂ ಮಲಗಿದ್ದಾಗ ಎದ್ದು ಬಚ್ಚಲಿಗೆ ಹೋಗಿ ಹಂಡೆಯಿಂದ ಸ್ನಾನದ ನೀರು ಚೊಂಬಲ್ಲಿ ಮೊಗೆದು ಕುಡಿದಿದ್ದೆ. ಮಸಿ ವಾಸನೆ ನೀರು. ಅದಕ್ಕಿಂತ ರುಚಿಯಾಗಿದ್ದನ್ನ ನಾನು ಆವರೆಗೂ ಕುಡಿದಿರ್ಲಿಲ್ಲ. ಹಂಗೆ ಕದ್ದು ಕುಡಿದೋಳೇ ನಾನು ನನ್ನ ಮಗಳಿಗೆ ಅಳತೆ ಲೋಟ ಹಿಡಿದಿದ್ದೆ.

ನಮ್ಮಮ್ಮನ್ನ ಬೈಯೋಕೆ ಇದನ್ನ ಬರೀತಿಲ್ಲ. ಅವರಿಗೆ ಅವರಮ್ಮ ಹೇಳಿದ್ದು ಬಿಟ್ರೆ ಕೇಳೋಕೆ ಬೇರೆ ಯಾರಿದ್ರು? ಹೆತ್ತೋಳು ಉಳೀಬೇಕು ಅನ್ನೋ ಭಯ ಅದು. ಆದ್ರೆ ಬಾಯಾರಿದೋಳು ನಾನು, ನಂಗೆ ಗೊತ್ತಿತ್ತು. ಗೊತ್ತಿದ್ದೂ ಮರೆತಿದ್ದೆ.

ಗೈಡಮ್ಮನಿಗೆ ಕೈ ಮುಗಿದೆ, ಅವರು ಸೊಂಟ ಬಗ್ಗಿಸಿ ನಮಸ್ಕಾರ ಮಾಡಿದ್ರು. ಹೊರಡೋ ಮುಂಚೆ ವಾಪಸ್ ಹೋಗಿ ಹುರಿದ ಎಳ್ಳು ಒಂದು ಪೊಟ್ಟಣ, ಒಂದು ಗಡ್ಡೆ ತೋಫು, ಕೆಂಪು ಬದನೆ ಉಪ್ಪಿನಕಾಯಿ ತಗೊಂಡೆ. ಅಳಿಯಂದಿರು ಹೇಳಿಕೊಟ್ಟ ಹಂಗೆ ಟ್ಯಾಕ್ಸಿಗೆ ವಿಳಾಸದ ಚೀಟಿ ತೋರಿಸಿ ಮನೆ ಸೇರ್ಕೊಂಡೆ.

ಮಗಳು ಮಗೂಗೆ ಹಾಲು ಕುಡಿಸ್ತಾ ಕೂತಿದ್ಲು. ಹೆಂಗಿತ್ತು ಅಂತ ಕೇಳ್ಲಿಲ್ಲ, ನಾನೂ ಹೇಳ್ಲಿಲ್ಲ. ಒಂದು ದೊಡ್ಡ ಲೋಟ ಬೆಚ್ಚನೆ ನೀರು ತಂದು ಅವಳ ಪಕ್ಕ ಇಟ್ಟೆ. ಗಟಗಟ ಕುಡಿದು ಖಾಲಿ ಲೋಟ ನನ್ನ ಕಡೆ ಚಾಚಿದ್ಲು. ಮತ್ತೆ ತುಂಬಿಸಿದೆ. ಇಬ್ರೂ ಏನೂ ಮಾತಾಡ್ಲಿಲ್ಲ. ಜಗಳ ಮುಗಿದಿದ್ದು ಅಲ್ಲಿಗೆ.

ಆ ಮಧ್ಯಾಹ್ನ ನಾನು ಅಡುಗೆ ಮಾಡಿ ತಟ್ಟೆ ತುಂಬಾ ಬಡಿಸ್ಲಿಲ್ಲ. ಅಲ್ಲಿನವರ ಥರ ಪುಟ್ಟ ಪುಟ್ಟ ಬಟ್ಟಲು ಜೋಡಿಸಿದೆ. ಒಂದರಲ್ಲಿ ಎರಡು ಚಮಚ ಮೆಣಸಿನ ಸಾರು, ಖಾರ ಅರ್ಧಕ್ಕೆ ಇಳಿಸಿ. ಒಂದರಲ್ಲಿ ಪಾಲಕ್ ಬೇಯಿಸಿ ಹುರಿದ ಎಳ್ಳು ಕುಟ್ಟಿ ಹಾಕಿದ್ದು. ಒಂದರಲ್ಲಿ ತೋಫು, ಜೀರಿಗೆ ಬೆಳ್ಳುಳ್ಳಿ ಒಗ್ಗರಣೆ. ಒಂದರಲ್ಲಿ ಮೂಲಂಗಿ ಪಲ್ಯ. "ವಸಿ ವಸಿ ನೋಡು, ಬ್ಯಾಡ ಅನ್ನಿಸಿದ್ದು ಬಿಡು" ಅಂದು ಎದುರಿಗೆ ಕೂತೆ. ಬಟ್ಟಲು ನೋಡ್ಲಿಲ್ಲ, ಅವಳ ಮುಖ ನೋಡಿದೆ. ಎಷ್ಟು ದಿನ ಆಗಿತ್ತು ಹಂಗೆ ನೋಡಿ. ಕಣ್ಣ ಕೆಳಗೆ ಕಪ್ಪು, ಕೆನ್ನೆ ಇಳಿದಿತ್ತು. ಎಳ್ಳಿನ ಸೊಪ್ಪು ತಿಂದಾಗ ಹುಬ್ಬು ಮೇಲೆ ಹೋಯ್ತು. ತೋಫು ಎರಡು ಸಲ ಹಾಕಿಸ್ಕೊಂಡ್ಲು. ಮೂಲಂಗಿಗೆ ಮೂಗು ಮುರಿದ್ಲು, ಅದನ್ನ ನಾನು ತಿಂದೆ. ಕೊನೆಗೆ ಸಾರಿನ ಬಟ್ಟಲು ಎತ್ತಿ ಕುಡಿದು, "ಹಿಂಗೆ ಮಾಡಿದ್ರೆ ಚೆನ್ನಾಗೈತಲ್ಲಮ್ಮಾ" ಅಂದ್ಲು.

ನಾನು ಎಲ್ಲಾ ಬಿಟ್ಕೊಟ್ಟೆ ಅಂತ ತಿಳ್ಕೋಬ್ಯಾಡಿ. ಎಣ್ಣೆ ಸ್ನಾನ ಬಿಡ್ಲಿಲ್ಲ, ಅಂಟಿನುಂಡೆ ಬಿಡ್ಲಿಲ್ಲ, ತುಪ್ಪದ ಬೆಳ್ಳುಳ್ಳಿನೂ ಬಿಡ್ಲಿಲ್ಲ, ಉಪ್ಪಿಲ್ಲದ ಬೆಣ್ಣೆ ಡಬ್ಬದ ಗುರುತು ಕಲ್ತೆ. ಹೊಟ್ಟೆಗೆ ಸೀರೆ ಬಟ್ಟೆನೂ ಕಟ್ಟಿದೆ, ನರ್ಸಮ್ಮನ್ನ ಕೇಳಿ, ವಸಿ ಸಡಿಲವಾಗಿ. ಮುಂದಿನ ಸಲ ನರ್ಸಮ್ಮ ಬಂದಾಗ ಮಗು ತೂಕ ಏರಿತ್ತು. ಅವರು ನನ್ನ ಕಡೆ ತಿರುಗಿ ತಲೆ ಬಾಗಿಸಿದ್ರು. ನಲವತ್ತು ದಿನ ಆದ್ಮೇಲೆ ಒಂದಿನ ಮಗಳೇ, "ಅಮ್ಮಾ ಇವತ್ತು ಮೆಣಸಿನ ಸಾರು ಮಾಡು, ನಿನ್ನ ಖಾರದ್ದೇ ಮಾಡು" ಅಂದ್ಲು. ಒಳಗೊಳಗೇ ಹಿಗ್ಗಿದೆ, ಹೊರಗೆ ತೋರಿಸ್ಲಿಲ್ಲ.

ಹೋದ ತಿಂಗಳು ನಮ್ಮ ವಾರಗಿತ್ತಿ ಮಗಳು ಬಾಣಂತನಕ್ಕೆ ಬಂದ್ಲು. ನೋಡೋಕೆ ಹೋದ್ರೆ ಕೋಣೆ ಬಾಗಿಲು ಮುಚ್ಚಿ, ನೀರಿನ ಚೊಂಬು ಆಚೆ ಇಟ್ಟಿದ್ರು. ನಾನು ಜೀರಿಗೆ ಹಾಕಿ ನೀರು ಕಾಯಿಸಿ ಲೋಟ ತುಂಬಾ ಒಳಗೆ ತಗೊಂಡು ಹೋದೆ.

"ಏನಕ್ಕಾ, ಜಪಾನ್ ಬುದ್ಧಿ ತಂದ್ಯಾ ಇಲ್ಲಿಗೂ?" ಅಂದ್ಲು ವಾರಗಿತ್ತಿ.

"ನನ್ನ ಮಾತು ಬ್ಯಾಡ, ಡಾಕ್ಟ್ರಮ್ಮನ್ನ ಕೇಳು. ಅಲ್ಲೀವರೆಗೂ ಇಲ್ಲಿ ಬಂದು ಇವಳ ಮುಖ ನೋಡು" ಅಂದೆ.

ಹುಡುಗಿ ಎರಡೂ ಕೈಯಲ್ಲಿ ಲೋಟ ಹಿಡ್ಕೊಂಡು ಕುಡೀತಿದ್ಲು. ವಾರಗಿತ್ತ್ಯಮ್ಮ ಬಾಗಿಲಲ್ಲಿ ನಿಂತು ವಸಿ ಹೊತ್ತು ನೋಡಿದ್ಲು. ಆಮೇಲೆ ಆಚೆ ಇದ್ದ ಚೊಂಬು ತಂದು ಮಂಚದ ಕೆಳಗೆ ಇಟ್ಲು.